ಸರಿದು ಕೂರುವ ಮಾತು

ಮನೆಯಿಂದ,
ಹೊಲಿಗೆ ಮಿಷನ್ನಿನ ಪಕ್ಕದಿಂದ,
ಸೋಮವಾರ, ಹನ್ನೊಂದನೇ ತಾರೀಖು

ಪ್ರೀತಿಯ ತಮ್ಮಾ,

ಹೇಗಿದ್ದೀಯ? ಸೊಂಟನೋವು ಹೇಗಿದೆ? ದಿನವಿಡೀ ಕುರ್ಚಿಯಲ್ಲಿ ಕೂತು ಒಂದೊಂದು ಪದಕ್ಕೂ ನಾಲ್ಕು ಜನ ಸೇರಿ ಜಗಳವಾಡಿದರೆ ಸೊಂಟ ಹಿಡಿಯದೆ ಇನ್ನೇನಾಗುತ್ತದೆ? ಹೊತ್ತುಹೊತ್ತಿಗೆ ಊಟ ಮಾಡು. ಫೋನು ಮಾಡಬಹುದಿತ್ತಲ್ಲ ಅಂತ ಕೇಳಬೇಡ. ಮಾಡಿದಾಗಲೆಲ್ಲ ‘ಅಕ್ಕಾ, ಮೀಟಿಂಗಲ್ಲಿದ್ದೀನಿ’ ಅನ್ನುತ್ತೀಯ. ಕಾಗದವಾದರೆ ಮಧ್ಯದಲ್ಲಿ ಬಾಯಿ ಹಾಕೋದಕ್ಕಾಗಲ್ಲ. ಅಪ್ಪ ಚೆನ್ನಾಗಿದ್ದಾನೆ. ಮಂಡಿ ಆಗಾಗ ಹಿಡಿದುಕೊಳ್ಳುತ್ತದೆ, ಕಿವಿ ತನಗೆ ಬೇಕಾದ್ದನ್ನು ಮಾತ್ರ ಕೇಳಿಸಿಕೊಳ್ಳುತ್ತದೆ, ಬೆಳಗಾದರೆ ಈಗಲೂ ಬಡಗಿ ಶೆಡ್ಡಿಗೆ ಹೋಗಿ ಉಜ್ಜುಗೊರಡು ಹಿಡಿಯುತ್ತಾನೆ. ಇನ್ನು ನನ್ನದು. ಮೈಯೆಲ್ಲ ಚೆನ್ನಾಗಿದೆ, ಎಡತೋಳೊಂದು ಬಿಟ್ಟು. ನೋವಲ್ಲ, ಸುಣ್ಣ. ಎರಡು ಭಾನುವಾರದಿಂದ ನನ್ನ ಕಪ್ಪು ಕೋಟಿನ ಎಡತೋಳಿಗೆ ಭುಜದಿಂದ ಮೊಣಕೈವರೆಗೆ ಗೋಡೆಯ ಸುಣ್ಣ ಮೆತ್ತಿಕೊಳ್ಳುತ್ತಿದೆ. ದರ್ಜಿಯವಳಲ್ಲವೇ, ಗುರುತು ಹಾಕುವ ಸೀಮೆಸುಣ್ಣ ಇರಬೇಕು ಅಂತ ಜನ ಅಂದುಕೊಂಡಿದ್ದಾರೆ. ಅಲ್ಲ. ಯಾಕೆ ಅನ್ನುವುದನ್ನು ಆಮೇಲೆ ಬರೆಯುತ್ತೇನೆ, ಮೊದಲು ನಿನಗೆ ಬೈಯುವುದಿದೆ.

ನಿಮ್ಮ ಭಾಷಾಂತರ ಸಮಿತಿಯ ಹೊಸ ಪ್ರಾರ್ಥನಾಪುಸ್ತಕ ಹೋದ ತಿಂಗಳ ಮೂರನೇ ವಾರ ಮೂರು ರಟ್ಟಿನ ಪೆಟ್ಟಿಗೆಗಳಲ್ಲಿ ಬಂದು ಇಳಿಯಿತು. ಅದನ್ನು ಬಸ್ಸಿನಿಂದ ಇಳಿಸಿ ಚರ್ಚಿನ ಮೆಟ್ಟಿಲು ಹತ್ತಿಸಿದ್ದು ಯಾರು? ಗಂಟೆ ಹೊಡೆಯುವವಳೂ ನಾನೇ, ನೆಲ ಗುಡಿಸುವವಳೂ ನಾನೇ, ಪಾದ್ರಿಯವರ ನಿಲುವಂಗಿಯ ಅಂಚು ಹೊಲಿಯುವವಳೂ ನಾನೇ. ಇದೂ ಇರಲಿ ಅಂತ ನನ್ನ ತಲೆಗೇ ಕಟ್ಟಿದರು. ಹೊಲಿಗೆಯದೊಂದು ಮಿಷನ್ನು, ಮಿಷನರಿ ದೊರೆಗಳು ಕಟ್ಟಿದ್ದು ಇನ್ನೊಂದು ಮಿಷನ್ನು, ಇವೆರಡರ ನಡುವೆ ನನ್ನ ಆಯುಷ್ಯ ಮುಗಿಯಿತು. ಪೆಟ್ಟಿಗೆಯ ಜೊತೆಗೆ ಒಂದು ನಮೂನೆ ಬೇರೆ. ನಾಲ್ಕು ಭಾನುವಾರ ಹೊಸ ಪುಸ್ತಕ ಬಳಸಿ ನೋಡಬೇಕಂತೆ, ಈ ತಿಂಗಳ ಕೊನೆಯೊಳಗೆ ಸಭೆಯ ಅಭಿಪ್ರಾಯ ಕಳಿಸಬೇಕಂತೆ. ಅದರಲ್ಲಿ ಪುಟ, ಪದ, ಆಕ್ಷೇಪಣೆ, ಕಾರಣ ಅಂತ ನಾಲ್ಕು ಮನೆ. ಕಾರಣ ಬರೆಯಲು ಬಿಟ್ಟಿರುವ ಜಾಗ ಎಷ್ಟು ಗೊತ್ತೇ? ನನ್ನ ಟೇಪಿನಲ್ಲಿ ಅಳೆದು ನೋಡಿದೆ, ಸರಿಯಾಗಿ ಒಂದು ಇಂಚು. ನೂರಮೂವತ್ತು ವರ್ಷದ ಮಾತನ್ನು ತೆಗೆದುಹಾಕಿ, ಬೇಡ ಅನ್ನುವವರಿಗೆ ಒಂದು ಇಂಚು ಕೊಟ್ಟಿದ್ದೀರಿ. ಆ ನಮೂನೆ ಮಾಡಿದ ಪುಣ್ಯಾತ್ಮ ನೀನೇ ಆಗಿದ್ದರೆ ಈಗಲೇ ಹೇಳಿಬಿಡು, ಕಾಗದ ಇಲ್ಲಿಗೇ ನಿಲ್ಲಿಸುತ್ತೇನೆ.

ಮೊದಲ ಭಾನುವಾರದ ಕಥೆ ಕೇಳು. ಹಾಡುಗಳೆಲ್ಲ ಚೆನ್ನಾಗಿಯೇ ಹೋದವು, ಕಾಗದ ಒಳ್ಳೆಯದು, ಅಕ್ಷರ ದಪ್ಪ, ಅದಕ್ಕೆ ನಿಮಗೆ ಒಂದು ಸಲಾಮು. ಕರ್ತನ ಪ್ರಾರ್ಥನೆ ಬಂತು. ನಮಗೆ ತಿಳಿದ ದಿನದಿಂದ, ಅಮ್ಮನ ಮಡಿಲಲ್ಲಿ ಕೂತು ಕಲಿತ ದಿನದಿಂದ, ತಪ್ಪು ಮನ್ನಿಸಲು ಕೇಳುವ ಆ ಸಾಲು ‘ನಾವು ಬೇರೆಯವರಿಗೆ ಸರಿದುಕೊಟ್ಟ ಹಾಗೆ ನೀನೂ ನಮಗೆ ಸರಿದುಕೊಡು’ ಅಂತ ತಾನೆ? ಬಾಯಿ ತಾನಾಗಿಯೇ ಹೇಳುತ್ತದೆ, ತಲೆಯನ್ನು ಕೇಳುವುದೇ ಇಲ್ಲ. ಹೊಸ ಪುಸ್ತಕದಲ್ಲಿ ಸರಿಯುವುದೂ ಇಲ್ಲ, ಕೊಡುವುದೂ ಇಲ್ಲ, ‘ಕ್ಷಮಿಸು’ ಅಂತ ಇದೆ. ಅರ್ಧ ಜನ ಹಳೆಯದು ಹೇಳಿದರು, ಓದು ಬಲ್ಲ ಅರ್ಧ ಜನ ಹೊಸದು ಹೇಳಿದರು, ಮುಂದಿನ ಬೆಂಚಿನ ಮುದುಕಿಯರು ‘ಚಮಿಸು’ ಅಂದರು. ನಮ್ಮ ಜನರ ನಾಲಿಗೆ ಆ ‘ಕ್ಷ’ಕ್ಕೆ ಯಾವಾಗ ಹೊರಳಿತ್ತು? ಇಡೀ ಸಭೆ ಒಂದೊಂದು ದಿಕ್ಕಿಗೆ ಹೋಗಿ ಮಧ್ಯದಲ್ಲಿ ನಿಂತುಬಿಟ್ಟಿತು. ಆಗ ಸೂಲಗಿತ್ತಿ ಅಜ್ಜಿ, ನಿನ್ನನ್ನೂ ನನ್ನನ್ನೂ ಈ ಲೋಕಕ್ಕೆ ಎಳೆದು ತಂದವಳು, ಎದ್ದು ನಿಂತು ಪಾದ್ರಿಯವರನ್ನು ನೇರವಾಗಿ ಕೇಳಿದಳು, ಇದು ಕಚೇರಿಯ ಕಿಟಕಿಯಲ್ಲಿ ಹೇಳೋ ಮಾತಲ್ವಾ ಅಂತ. ಪಾದ್ರಿಯವರು ತಲೆ ಕೆರೆದುಕೊಂಡರು. ಪಾಪ, ಹೊಸಬರು, ಬಯಲುಸೀಮೆಯವರು, ನಮ್ಮ ಬೆಟ್ಟದ ಮಾತು ಕಲಿತು ಇನ್ನೂ ಎರಡು ವರ್ಷವಾಗಿಲ್ಲ.

ಅವಳು ಕೇಳಿದ್ದು ತಪ್ಪಲ್ಲ. ನೀನು ಪಟ್ಟಣದಲ್ಲಿದ್ದು ಮರೆತಿರಬಹುದು. ಇಲ್ಲಿ ಆ ಮಾತನ್ನು ನಾವು ಕೇಳುವುದು ಒಂದೇ ಕಡೆ. ಬೆಟ್ಟ ಇಳಿದು, ಬಸ್ಸು ಹಿಡಿದು, ಸರ್ಕಾರಿ ಕಚೇರಿಯ ಮುಂದೆ ಸಾಲಿನಲ್ಲಿ ನಿಂತು, ಇನ್ನೇನು ನಮ್ಮ ಸರದಿ ಬಂತು ಅನ್ನುವಾಗ ಗುಮಾಸ್ತ ಮುಖ ಎತ್ತದೆಯೇ ‘ಕ್ಷಮಿಸಿ, ನಾಳೆ ಬನ್ನಿ’ ಅಂದು ಕಿಟಕಿಯ ಬಾಗಿಲು ಎಳೆದುಕೊಳ್ಳುತ್ತಾನೆ. ನಮ್ಮ ಪಾಲಿಗೆ ಕ್ಷಮೆ ಅಂದರೆ ಮುಚ್ಚಿದ ಕಿಟಕಿ. ಅಂಥದ್ದನ್ನು ವಾರಕ್ಕೊಮ್ಮೆ ನಾವೇ ಕೈಮುಗಿದು ದೇವರ ಹತ್ತಿರ ಕೇಳಿಕೊಳ್ಳಬೇಕೇ? ಅವರವರ ಮನೆಮಾತಿನಲ್ಲಿ ಪ್ರಾರ್ಥಿಸಬೇಕು ಅನ್ನುವುದೇ ಲೂಥರನ್ ಸಭೆಯ ಬುನಾದಿ ಅಂತ ಪಾದ್ರಿಗಳ ಪಾಠಶಾಲೆಯಿಂದ ಮೊದಲ ರಜೆಗೆ ಬಂದಾಗ ಈ ಮಿಷನ್ನಿನ ಪಕ್ಕ ಕೂತು ನನಗೆ ಬೋಧನೆ ಮಾಡಿದ್ದು ಯಾರಪ್ಪ? ನಾನು ಸೂಜಿಗೆ ದಾರ ಪೋಣಿಸುತ್ತ ಹೂಂಗುಟ್ಟುತ್ತಿದ್ದೆ. ಕೇಳಿಸಿಕೊಂಡಿರಲಿಲ್ಲ ಅಂದುಕೊಂಡೆಯಾ?

ಪಾದ್ರಿಯವರು ಶನಿವಾರ ಸಂಜೆ ಎಲ್ಲರನ್ನೂ ಕರೆದು ಕ್ಷ, ಕ್ಷಾ, ಕ್ಷಿ ಅಂತ ಅಭ್ಯಾಸ ಮಾಡಿಸಿದರು. ಎಂಬತ್ತು ದಾಟಿದವರಿಗೆ ಮತ್ತೆ ಕಾಗುಣಿತ. ಎರಡನೇ ಭಾನುವಾರ ಒಂದಿಷ್ಟು ಒಟ್ಟಿಗೆ ಹೇಳಿದರು, ನಿಜ. ಆದರೆ ಅಪ್ಪ ಇದ್ದಾನಲ್ಲ! ಮೊದಲ ಭಾನುವಾರದಿಂದಲೂ ಆ ಸಾಲು ಬಂದಾಗ ತುಟಿ ಹೊಲಿದುಕೊಂಡವನ ಹಾಗೆ ಕೂರುತ್ತಾನೆ. ಎಲ್ಲರೂ ಹೇಳಿ ಮುಗಿಸುವ ತನಕ ಕಾಯುತ್ತಾನೆ. ಆಮೇಲೆ ಒಬ್ಬನೇ, ನಿಧಾನವಾಗಿ, ಹಲಗೆಗೆ ಮೊಳೆ ಹೊಡೆದ ಹಾಗೆ ಒಂದೊಂದೇ ಪದ ಬಿಡಿಸಿ, ಹಳೆಯ ಸಾಲನ್ನು ಪೂರ್ತಿ ಹೇಳುತ್ತಾನೆ. ಅಲ್ಲಿಯವರೆಗೆ ಪಾದ್ರಿಯವರು ಆಮೆನ್ ಅನ್ನುವಂತಿಲ್ಲ, ನಾನು ಗಂಟೆಯ ಹಗ್ಗ ಎಳೆಯುವಂತಿಲ್ಲ. ಪ್ರತಿ ವಾರ ದೇವರೂ ಸೇರಿ ನಾವೆಲ್ಲ ಒಬ್ಬ ಬಡಗಿಗಾಗಿ ಕಾಯುತ್ತೇವೆ. ನನಗೆ ನಾಚಿಕೆಯೂ ಆಗುತ್ತದೆ, ಹೆಮ್ಮೆಯೂ ಆಗುತ್ತದೆ, ಕೋಪವಂತೂ ನೆತ್ತಿಗೇರುತ್ತದೆ.

ಇದಕ್ಕೆಲ್ಲ ಮೂಲ ನೀನು ಪೀಠದಿಂದ ಮಾಡಿದ ಆ ಪ್ರಸಂಗ. ಒಂಬತ್ತು ವರ್ಷವಾಯಿತು, ನೀನೂ ಅಪ್ಪನೂ ಅದರ ಮಾತೆತ್ತುವುದಿಲ್ಲ, ನಡುವೆ ನಾನು ಎರಡೂ ಕಡೆ ಹೊಲಿಗೆ ಹಾಕುತ್ತ ಕೂತಿದ್ದೇನೆ. ಇವತ್ತು ಎತ್ತುತ್ತೇನೆ. ನೀನು ಓದು ಮುಗಿಸಿ ಬಂದು ನಮ್ಮ ಸಭೆಯಲ್ಲಿ ಮೊದಲ ಸಲ ಪೀಠ ಹತ್ತಿದ್ದೆ. ನಿನ್ನ ಮೈಮೇಲೆ ನಾನು ಹೊಲಿದ ನಿಲುವಂಗಿ ಇತ್ತು. ಅಪ್ಪ ತಾನೇ ಕೆತ್ತಿದ ಮೂವರ ಬೆಂಚಿನಲ್ಲಿ ಬೆನ್ನು ನೆಟ್ಟಗೆ ಮಾಡಿ ಕೂತಿದ್ದ. ನೀನು ಹೇಳಿದೆ, ಸಭೆಯ ದೊಡ್ಡ ಕಚೇರಿಯ ಕಪಾಟಿನಲ್ಲಿ ಮೊದಲ ಮಿಷನರಿ ದೊರೆಯ ಟಿಪ್ಪಣಿ ಪುಸ್ತಕ ಸಿಕ್ಕಿತು ಅಂತ. ದೊರೆ ಅಡುಗೆಯವನ ಗುಡಿಸಲಿಗೆ ಹೋಗಿ ಬಾಗಿಲಲ್ಲಿ ನಿಂತಿದ್ದನಂತೆ, ಒಳಗೆ ಬೆಳಕು ಬೀಳುತ್ತಿರಲಿಲ್ಲವಂತೆ, ಅಡುಗೆಯವನು ‘ಸರಿ’ ಅಂದನಂತೆ, ಅಂದರೆ ಪಕ್ಕಕ್ಕೆ ಹೋಗು ಅಂತ. ದೊರೆ ಅದನ್ನು ತಪ್ಪು ತಿಳಿದು ಪಾಪಪರಿಹಾರದ ಪದ ಸಿಕ್ಕಿತು ಅಂತ ಬರೆದುಕೊಂಡನಂತೆ. ‘ನೂರಿಪ್ಪತ್ತು ವರ್ಷದಿಂದ ನಾವು ದೇವರಿಗೆ, ಸ್ವಲ್ಪ ಪಕ್ಕಕ್ಕೆ ಹೋಗಪ್ಪ ಬೆಳಕು ಬರಲಿ, ಅಂತಿದ್ದೀವಿ’ ಅಂದೆ. ಸಭೆ ಹೊಟ್ಟೆ ಹಿಡಿದು ನಕ್ಕಿತು. ನಾನೂ ನಕ್ಕೆ, ತಮ್ಮಾ. ಇದುವರೆಗೆ ನಿನಗೆ ಹೇಳಿರಲಿಲ್ಲ. ನಗುತ್ತ ತಿರುಗಿ ನೋಡಿದರೆ ಅಪ್ಪ ನನ್ನನ್ನೇ ನೋಡುತ್ತಿದ್ದ. ಆಮೇಲೆ ಎದ್ದು, ಟೋಪಿ ತೆಗೆದುಕೊಂಡು, ನಡುದಾರಿಯಲ್ಲಿ ನಡೆದು ಹೊರಗೆ ಹೋದ. ಆ ಅಡುಗೆಯವನು ಅಪ್ಪನ ಅಜ್ಜ ಅನ್ನುವುದು ಅಲ್ಲಿದ್ದ ಎಲ್ಲರಿಗೂ ಗೊತ್ತಿತ್ತು.

ಮನೆಯಲ್ಲಿ ಅಪ್ಪ ಅಂದಿದ್ದು ಒಂದೇ ಮಾತು. ‘ನನ್ನಜ್ಜ ಅಡುಗೆಯವನು, ಹೌದು. ದಡ್ಡ ಅಲ್ಲ.’ ನೀನೂ ಒಂದೇ ಮಾತು ಅಂದೆ, ಬರೆದಿದ್ದನ್ನ ಓದಿದೆ ಅಷ್ಟೇ ಅಂತ. ಬೆಳಿಗ್ಗೆ ಬಸ್ಸು ಹತ್ತಿದೆ. ಅಲ್ಲಿಂದ ಈಚೆಗೆ ನೀನು ನನಗೆ ಬರೆಯುವ ಕಾಗದದ ಕೊನೆಗೆ ‘ಅಪ್ಪನಿಗೆ ಹೇಳು’ ಅಂತ ಬರೆಯುತ್ತೀಯ, ಏನು ಹೇಳಬೇಕು ಅಂತ ಬರೆಯುವುದಿಲ್ಲ. ಅಪ್ಪ ಕಾಗದ ಬಂದ ದಿನ ಶೆಡ್ಡಿನಿಂದ ಬೇಗ ಬರುತ್ತಾನೆ, ಯಾರ ಕಾಗದ ಅಂತ ಕೇಳುವುದಿಲ್ಲ. ಅಪ್ಪನದೂ ನಿನ್ನದೂ ಒಂದೇ ಮರದಿಂದ ಕೊಯ್ದ ತಲೆ. ಸಭೆಯಲ್ಲೂ ಅಷ್ಟೇ, ಮೂವರ ಬೆಂಚಿನಲ್ಲಿ ನಡುದಾರಿಯ ಕಡೆಯ ತುದಿಗೆ ಕಾಲು ಅಗಲಿಸಿ ಕೂತು ಇಬ್ಬರ ಜಾಗ ತಾನೊಬ್ಬನೇ ತುಂಬಿಸಿಕೊಂಡು, ಒಂಬತ್ತು ವರ್ಷ ಬಾಗಿಲ ಅಗುಳಿಯ ಹಾಗೆ ಕೂತಿದ್ದ. ತಡವಾಗಿ ಬಂದವರು ಯಾರಾದರೂ ಜಾಗ ಕೇಳಿದರೆ ಮಂಡಿ ತೋರಿಸುತ್ತಿದ್ದ.

ಮೊದಲ ಭಾನುವಾರದ ರಂಪವಾದ ಮೇಲೆ ಬುಧವಾರ ಮಧ್ಯಾಹ್ನ ನಾನು ಶೆಡ್ಡಿಗೆ ಹೋಗಿ, ನಿನಗೇನಾಗಿದೆ, ಒಂದು ಪದಕ್ಕೆ ಯಾಕೆ ಇಷ್ಟು ಹಟ ಅಂತ ಅಪ್ಪನ ಮೇಲೆ ರೇಗಿಬಿಟ್ಟೆ. ಅಪ್ಪ ಉಜ್ಜುಗೊರಡು ಕೆಳಗಿಟ್ಟ. ಹೊಟ್ಟು ಮೈಮೇಲಿಂದ ಕೊಡವಿಕೊಂಡ. ನಂತರ ನಾನು ಈ ಮನೆಯಲ್ಲಿ ಐವತ್ತೊಂದು ವರ್ಷದಲ್ಲಿ ಕೇಳದ ಕಥೆಯನ್ನು ಹೇಳಿದ. ದೊರೆಯ ದೀಪದ ಗಾಜು ಒಡೆದಿತ್ತಂತೆ. ನೀನೇ ಒಡೆದದ್ದು ಅಂತ ದೊರೆ ಎಲ್ಲರೆದುರು ಮುತ್ತಜ್ಜನ ಕೆನ್ನೆಗೆ ಹೊಡೆದನಂತೆ. ಒಡೆದದ್ದು ದೊರೆಯ ಸ್ವಂತ ನಾಯಿ ಅಂತ ಸಂಜೆಗೆ ಗೊತ್ತಾಯಿತಂತೆ. ಮಾರನೇ ದಿನ ಮುತ್ತಜ್ಜ ಕೆಲಸಕ್ಕೆ ಹೋಗಲಿಲ್ಲ. ದೊರೆಯೇ ನಡೆದುಕೊಂಡು ಗುಡಿಸಲಿಗೆ ಬಂದು ಬಾಗಿಲಲ್ಲಿ ನಿಂತನಂತೆ. ತಪ್ಪಾಯಿತು ಅನ್ನಲು ನಮ್ಮ ಮಾತಿನಲ್ಲಿ ಏನು ಹೇಳಬೇಕೋ ಅವನಿಗೆ ಗೊತ್ತಿಲ್ಲ, ಅವನ ಮಾತಿನಲ್ಲಿ ಹೇಳಿದರೆ ಇವರಿಗೆ ತಿಳಿಯುವುದಿಲ್ಲ. ಸುಮ್ಮನೆ ನಿಂತೇ ಇದ್ದ. ಮುತ್ತಜ್ಜ ಒಲೆಯ ಮುಂದಿನ ಮರದ ದಿಮ್ಮಿಯ ಮೇಲೆ ಕೂತಿದ್ದವನು ಸ್ವಲ್ಪ ಹೊತ್ತು ನೋಡಿ, ಸರಿದ. ಪಕ್ಕದಲ್ಲಿ ಒಬ್ಬರು ಕೂರುವಷ್ಟು ಜಾಗ ಆಯಿತು. ದೊರೆ ಬಂದು ಕೂತ. ಏಳುವಾಗ ದೊರೆ ತನಗೆ ಬರುವಷ್ಟು ಹರಕುಮುರುಕು ಮಾತಿನಲ್ಲಿ ಕೇಳಿದನಂತೆ, ನೀನು ಈಗ ಮಾಡಿದೆಯಲ್ಲ, ಅದಕ್ಕೆ ನಿಮ್ಮಲ್ಲಿ ಏನಂತಾರೆ ಅಂತ. ಸರಿಯೋದು ಅಂದ ಮುತ್ತಜ್ಜ.

ಇದನ್ನು ಆವತ್ತೇ ಹೇಳಬಾರದಿತ್ತೇ, ಒಂಬತ್ತು ವರ್ಷ ಬಾಯಿಗೆ ಬೀಗ ಹಾಕಿಕೊಂಡು ಕೂತಿದ್ದೆಯಾ ಅಂತ ಕೇಳಿದೆ. ಅಪ್ಪ ನನ್ನ ಮುಖ ನೋಡಲಿಲ್ಲ. ‘ಅಜ್ಜ ಏಟು ತಿಂದ ಅಂತ ಯಾರ ಮುಂದೆ ಹೇಳ್ಕೊಳ್ಳಲಿ?’ ಅಂದ. ನನಗೆ ಅಳು ಬಂತು ತಮ್ಮಾ, ಸುಮ್ಮನೆ ಯಾಕೆ ಮುಚ್ಚಿಡಲಿ. ಅಕ್ಷರವಿಲ್ಲದ ನಮ್ಮ ಮಾತಿಗೆ ಅಕ್ಷರ ಕೊಟ್ಟ ಅಂತ ಪ್ರತಿ ವರ್ಷ ಆ ದೊರೆಯ ಗೋರಿಗೆ ಹೂವಿಡುವವಳು ನಾನು. ಹೂವು ಈಗಲೂ ಇಡುತ್ತೇನೆ, ಆದರೆ ಇನ್ನು ಮೇಲೆ ಆ ಏಟಿಗಾಗಿ ಒಂದು ಮಾತು ಅಂದು ಇಡುತ್ತೇನೆ. ನೀನು ಓದಿದ್ದೂ ಸುಳ್ಳಲ್ಲ ಅಂತ ನನಗೆ ಹೊಲಿಯುತ್ತ ಹೊಲಿಯುತ್ತ ಹೊಳೆಯಿತು. ನಿನ್ನ ಟಿಪ್ಪಣಿ ಪುಸ್ತಕದಲ್ಲೂ ದೊರೆ ಬಾಗಿಲಲ್ಲಿ ನಿಂತಿದ್ದಾನೆ, ಅಪ್ಪನ ಕಥೆಯಲ್ಲೂ ಬಾಗಿಲಲ್ಲೇ ನಿಂತಿದ್ದಾನೆ. ಅಡುಗೆಯವನ ಗುಡಿಸಲಿಗೆ ದೊರೆ ಯಾಕೆ ಹೋಗಿದ್ದ ಅಂತ ಅಷ್ಟು ಓದಿದ ನಿನಗೆ ಒಂದು ಸಲವೂ ಕೇಳಬೇಕೆನಿಸಲಿಲ್ಲವೇ? ಹೊಡೆದವನು ಹೊಡೆದೆ ಅಂತ ಪುಸ್ತಕದಲ್ಲಿ ಬರೆಯುತ್ತಾನೆಯೇ? ಬೆಳಕು ಬಂದರೆ ಸಾಕು ಅನ್ನುವವನು ಪಕ್ಕಕ್ಕೆ ಹೋಗು ಅನ್ನುತ್ತಾನೆ, ಮುತ್ತಜ್ಜನ ಹಾಗೆ ತಾನೇ ಸರಿಯುವುದಿಲ್ಲ. ತಪ್ಪು ಪದ ಬರೆದುಕೊಂಡವನು ದೊರೆಯಲ್ಲ. ತಪ್ಪು ಓದಿಕೊಂಡವನು ನೀನು. ಅದಕ್ಕೆ ನಕ್ಕವಳು ನಾನು.

ಇನ್ನೊಂದು. ಹೊಸ ಪುಸ್ತಕದ ಆ ಪುಟದ ಕೆಳಗೆ ಇರುವೆ ಸಾಲಿನಂತಹ ಅಕ್ಷರದಲ್ಲಿ ಒಂದು ಅಡಿಟಿಪ್ಪಣಿ ಇದೆ. ‘ಹಳೆಯ ರೂಪ: ಸರಿದುಕೊಡು. ಇದು ಹೆಚ್ಚು ಸರಿಯಾಗಿರಬಹುದು.’ ಪಾದ್ರಿಯವರಿಗೆ ಕಾಣಿಸಿರಲಿಲ್ಲ. ನನ್ನ ಕಣ್ಣಿಗೂ ಬಿದ್ದಿರಲಿಲ್ಲ. ಅಪ್ಪ ಆ ಕಥೆ ಹೇಳಿದ ಮಾರನೇ ದಿನ, ಗುರುವಾರ, ನನ್ನ ಭೂತಗನ್ನಡಿ ಕೇಳಿ ತೆಗೆದುಕೊಂಡು ಹೋಗಿ ಆ ಪುಟದ ಮೇಲೆ ಇಡೀ ಬೆಳಗು ಕಳೆದ. ಆಮೇಲೆ ಬಂದು ಇದನ್ನು ಯಾರು ಹಾಕಿದ್ದು ಅಂತ ಕೇಳಿದ. ನಾಲ್ಕು ಜನರ ಸಮಿತಿಯಲ್ಲಿ ನಮ್ಮ ಮಾತು ಆಡಿ ಬೆಳೆದವನು ಒಬ್ಬನೇ ಅಲ್ಲವೇ, ಇನ್ಯಾರು ಹಾಕುತ್ತಾರೆ ಅಂದೆ. ಕನ್ನಡಿ ಅಲ್ಲೇ ಇಟ್ಟು ಹೋದ. ನಿನಗೆ ಎಷ್ಟು ಬೈದರೂ ಸಾಲದು ನೋಡು. ಒಂಬತ್ತು ವರ್ಷ ಯೋಚನೆ ಮಾಡಿ, ತಪ್ಪಾಯಿತು ಅನ್ನುವುದನ್ನು ಭೂತಗನ್ನಡಿ ಹಿಡಿದು ಓದುವ ಅಕ್ಷರದಲ್ಲಿ ಅಚ್ಚು ಹಾಕಿಸುವವನು ಈ ಪ್ರಪಂಚದಲ್ಲಿ ನೀನೊಬ್ಬನೇ. ಮೇಲಿನ ಸಾಲಿನಲ್ಲಿ ಹಾಕಲು ಏನು ಧಾಡಿಯಾಗಿತ್ತು? ಮೂವರು ಒಪ್ಪಲಿಲ್ಲ ಅನ್ನುತ್ತೀಯ. ಹಾಗಾದರೆ ಈ ಕಾಗದವನ್ನೇ ಅವರ ಮುಂದೆ ಓದು. ಕಾರಣ ಅನ್ನುವ ಒಂದು ಇಂಚಿನ ಮನೆಯಲ್ಲಿ ನಾನು ‘ಕಾರಣ ಬೇರೆ ಕಾಗದದಲ್ಲಿದೆ’ ಅಂತ ಬರೆದು ಸಭೆಯ ಮುದ್ರೆ ಒತ್ತಿದ್ದೇನೆ. ಸೂಲಗಿತ್ತಿ ಅಜ್ಜಿ ಹೆಬ್ಬೆಟ್ಟು ಹಾಕಿದ್ದಾಳೆ, ಬೇಡ ಅಂದರೂ ಎರಡು ಸಲ.

ಬಸ್ಸು ಆಗಲೇ ಕೆಳಗಿನ ತಿರುವಿನಲ್ಲಿ ಹಾರನ್ ಹೊಡೆಯುತ್ತಿದೆ, ಕಂಡಕ್ಟರನ ಕೈಯಲ್ಲೇ ಕಳಿಸುತ್ತಿದ್ದೇನೆ. ಸೊಂಟಕ್ಕೆ ಬಿಸಿನೀರಿನ ಶಾಖ ಕೊಟ್ಟುಕೋ. ನಿನ್ನ ಸಮಿತಿಯ ಮೂವರಿಗೂ ನನ್ನ ನಮಸ್ಕಾರ ಹೇಳು, ಆದರೆ ಹಲ್ಲು ಕಚ್ಚಿ ಹೇಳಿದ್ದು ಅಂತಲೂ ತಿಳಿಸು. ದೇವರು ನಿನ್ನನ್ನು ಕಾಯಲಿ, ಜೊತೆಗೆ ನಿನಗೆ ಒಂದಿಷ್ಟು ಬುದ್ಧಿಯನ್ನೂ ಕೊಡಲಿ.

ನಿನ್ನ ಮೇಲೆ ಸಿಟ್ಟಿರುವ, ನಿನ್ನವಳೇ ಆದ,
ಅಕ್ಕ

ಮರೆತಿದ್ದೆ: ಸುಣ್ಣದ ವಿಷಯ. ಅಡಿಟಿಪ್ಪಣಿ ಓದಿದ ಮೇಲಿನ ಭಾನುವಾರ ಅಪ್ಪ ಬೆಂಚಿಗೆ ಬಂದು ಕೂತವನು ನನ್ನ ಕಡೆ ಸರಿದ. ನಾನು ಗೋಡೆಗೆ ಅಂಟಿಕೊಂಡೆ. ನಡುದಾರಿಯ ಕಡೆ ಒಬ್ಬರ ಜಾಗ ಖಾಲಿಯಾಯಿತು. ಮಂಡಿನೋವಿಗೆ ಸರಿದಿರಬೇಕು ಅಂದುಕೊಂಡು ಅಲ್ಲಿ ನನ್ನ ಚೀಲ ಇಟ್ಟೆ, ಎತ್ತಿ ನೆಲಕ್ಕಿಟ್ಟ. ನಿನ್ನೆ, ಮೂರನೇ ಭಾನುವಾರ, ನಿಮ್ಮ ದೊಡ್ಡ ಕಚೇರಿಯಿಂದ ತಪಾಸಣೆಗೆ ಬಂದವರು ಅಲ್ಲಿ ಕೂರಲು ಹೋದರು. ಅಪ್ಪ ಅಂಗೈಯನ್ನು ಹಲಗೆಯ ಮೇಲೆ ಇಟ್ಟು, ‘ಇಲ್ಲಿ ಬರೋರಿದ್ದಾರೆ’ ಅಂದ. ಅವರು ಆರಾಧನೆ ಮುಗಿಯುವವರೆಗೆ ಹಿಂದೆ ನಿಂತಿದ್ದರು. ನೀನು ಬಂದರೂ ನನ್ನ ತೋಳಿಗೆ ಸುಣ್ಣ ತಪ್ಪುವುದಿಲ್ಲ, ಗೊತ್ತು. ಆದರೆ ಖಾಲಿ ಜಾಗಕ್ಕಾಗಿ ಸುಣ್ಣ ಬಳಿದುಕೊಂಡು ಸಾಕಾಗಿದೆ. ಗಂಟೆ ಒಂಬತ್ತಕ್ಕೆ ಹೊಡೆಯುತ್ತೇನೆ. ತಡವಾಗಿ ಬಂದರೂ ಪರವಾಗಿಲ್ಲ, ನಿನ್ನ ಜಾಗ ದಾರಿಯ ಕಡೆಗೇ ಇದೆ, ಯಾರನ್ನೂ ದಾಟಬೇಕಾಗಿಲ್ಲ.